ಟ್ರಂಕು ಮುಗಿಯುವವರೆಗೆ

ಫೆಬ್ರವರಿ 4, ಶನಿವಾರ

ಕೈ ಮೇಲೆತ್ತಲಾಗುತ್ತಿಲ್ಲ, ಆದರೂ ಬರೆಯಲು ಕೂತಿದ್ದೇನೆ. ಬೆಳಗ್ಗೆ ಬಾಗಿಲು ತೆಗೆಯುವ ಮೊದಲೇ ಮಿಲಿಟ್ರಿಯವರ ಸಾಲು ಎದುರಿನ ಟೀ ಅಂಗಡಿ ದಾಟಿ ನಿಂತಿತ್ತು. ಎಲ್ಲರಿಗೂ ಟ್ರಂಕು ಬೇಕು, ಎಲ್ಲರಿಗೂ ಇವತ್ತೇ ಬೇಕು. ಕ್ಯಾಂಪು ಖಾಲಿ ಮಾಡಬೇಕೆಂದು ಮೇಲಿನಿಂದ ಆರ್ಡರ್ ಬಂದಿದೆಯಂತೆ. ಏಪ್ರಿಲ್ ಒಳಗೆ ಒಬ್ಬೊಬ್ಬರೂ ಒಂದೊಂದು ದಿಕ್ಕು.

ಅಣ್ಣ ತಗಡು ಕತ್ತರಿಸಿ, ಮಡಿಸಿ, ರಿವೆಟ್ ಹೊಡೆದು, ಕಪ್ಪು ಬಣ್ಣ ಬಳಿದು ನನ್ನ ಮುಂದೆ ತಳ್ಳುತ್ತಾನೆ. ಮೇಲಿನ ಬಿಳಿ ಅಕ್ಷರ ನನ್ನದು. ಅಪ್ಪನ ಕಾಲದಿಂದಲೂ ಮೂರೇ ಸಾಲು: ಹೆಸರು, ನಂಬರು, ಎಲ್ಲಿಗೆ. ಗಿರಾಕಿಗಳನ್ನು ಗದರಿಸಿ ಸಾಲಿನಲ್ಲಿ ನಿಲ್ಲಿಸುವುದು ಅತ್ತಿಗೆಯ ಪಾಲು. ಆ ಕೆಲಸಕ್ಕೆ ಅವರ ಬಾಯಿಗಿಂತ ಒಳ್ಳೆಯ ಹತ್ಯಾರು ನಮ್ಮ ಅಂಗಡಿಯಲ್ಲಿ ಇನ್ನೊಂದಿಲ್ಲ.

ಬೆಳಗಿನಿಂದ ಕಂಡವರ ಹೆಸರನ್ನೆಲ್ಲ ಬರೆದು ಬರೆದು ಹೆಸರೆಂದರೆ ಓಕರಿಕೆ ಬರುವ ಹಾಗಾಗಿದೆ. ಆದ್ದರಿಂದ ಈ ಪುಸ್ತಕದಲ್ಲಿ ಯಾರ ಹೆಸರನ್ನೂ ಬರೆಯುವುದಿಲ್ಲ. ಯಾರು ಯಾರೆಂದು ನನಗಂತೂ ಗೊತ್ತು, ಬೇರೆ ಯಾರಿಗೂ ಇದನ್ನು ತೋರಿಸುವುದಿಲ್ಲ.

ಮಧ್ಯಾಹ್ನ ಕೆಟ್ಲಕ್ಕ ಟೀ ತಂದಳು. ಅವಳ ಕೈಯಲ್ಲಿ ಕೆಟಲ್ ಇಲ್ಲದ್ದನ್ನು ಈ ಬೀದಿಯಲ್ಲಿ ಯಾರೂ ನೋಡಿಲ್ಲ, ಅದಕ್ಕೇ ಆ ಹೆಸರು. ಸಾಲನ್ನೊಮ್ಮೆ, ನನ್ನನ್ನೊಮ್ಮೆ ನೋಡಿ, "ಯಾರ ಮನೆ ಹತ್ತಿ ಉರಿದ್ರೂ ನಿಮಗೆ ಚಳಿ ಕಾಯಿಸ್ಕೊಳ್ಳೋ ಯೋಗ ನೋಡು" ಅಂದಳು.

"ಸಾಲಲ್ಲಿ ನಿಂತೋರೆಲ್ಲ ಕುಡೀತಿರೋದು ನಿನ್ನ ಟೀನೇ ತಾನೆ? ನೀನೂ ಬಂದು ಕೈ ಚಾಚು, ಬೆಂಕಿ ಎಲ್ಲರಿಗೂ ಸಾಕಾಗತ್ತೆ" ಅಂದೆ. ಅವಳು ನಗಲಿಲ್ಲ. ನಾವಿಬ್ಬರೂ ಹೀಗೆ ಕುಟುಕಾಡಲು ಶುರುಮಾಡಿದಾಗ ಇಬ್ಬರಿಗೂ ಒಂದು ನರೆಗೂದಲೂ ಇರಲಿಲ್ಲ.

ಫೆಬ್ರವರಿ 19

ಅಣ್ಣ ಒಂದು ಲಾರಿ ತಗಡು ತರಿಸಿದ್ದಾನೆ. ಹಿತ್ತಲಲ್ಲಿ ಕಾಲಿಡಲು ಜಾಗವಿಲ್ಲ. ಈಗ ಹೋಗುವವರಿಗೆ ಅಷ್ಟು ಬೇಕಾಗುವುದಿಲ್ಲವೆಂದು ನನಗೂ ಗೊತ್ತು. ಅಣ್ಣನ ಲೆಕ್ಕ ಬೇರೆ.

"ಒಂದು ದಂಡು ಹೋದ್ರೆ ಇನ್ನೊಂದು ದಂಡು ಬರತ್ತೆ ಕಣೆ ಪುಟ್ಟಿ. ಬಂದೋರಿಗೆ ಟ್ರಂಕು ಬೇಡ್ವಾ? ಗೇಟಲ್ಲಿ ಇಳಿದ ಮೊದಲನೇ ದಿನವೇ ಸಾಲಾಗಿ ಜೋಡಿಸಿಟ್ಟಿರ್ತೀನಿ, ನೋಡ್ತಿರು."

ನನಗೆ ಐವತ್ತು ದಾಟಿದೆ. ಇವನಿಗೆ ನಾನಿನ್ನೂ ಪುಟ್ಟಿ.

ಅವನ ಮಾತು ಸುಳ್ಳಲ್ಲ. ನಾನು ಕಂಡ ಹಾಗೆ ನಾಲ್ಕೈದು ಸಲ ದಂಡು ಬದಲಾಗಿದೆ. ಪ್ರತಿ ಸಲವೂ ಬೀದಿಯವರೆಲ್ಲ ಗೇಟಿನ ಹತ್ತಿರ ನಿಂತು ಕಣ್ಣೊರೆಸಿಕೊಂಡು ಬೀಳ್ಕೊಟ್ಟಿದ್ದೇವೆ, ಆ ಕಣ್ಣು ಒಣಗುವ ಮೊದಲೇ ಹೊಸ ಲಾರಿಗಳು ಬಂದು ನಿಂತಿವೆ. ಬಂದವರು ಜಜ್ಜಿಹೋದ ಹಳೆಯ ಟ್ರಂಕು ತರುತ್ತಿದ್ದರು. ಅಣ್ಣ ತಗ್ಗು ಎಬ್ಬಿಸಿಕೊಡುತ್ತಿದ್ದ, ನಾನು ಹಳೆಯ ಊರಿನ ಮೇಲೆ ಕಪ್ಪು ಬಳಿದು ಹೊಸತನ್ನು ಬರೆಯುತ್ತಿದ್ದೆ. ಹೋಗುವವರಿಂದಲೂ ದುಡಿಮೆ, ಬರುವವರಿಂದಲೂ ದುಡಿಮೆ.

ಕ್ಯಾಂಪಿನ ಸ್ಟೋರು ನೋಡಿಕೊಳ್ಳುವ ಮೀಸೆ ಸಾಹೇಬರು ಮಾತ್ರ ಲಾರಿ ನೋಡಿ ತಲೆ ಅಲ್ಲಾಡಿಸಿದರು. "ಮೇಸ್ತ್ರಿ, ಈ ಸಲ ಬರೋರು ಯಾರೂ ಇಲ್ಲ. ಗೇಟಿಗೆ ಬೀಗ ಹಾಕ್ತಾರೆ" ಅಂದರು.

"ಹೋದ ಸಲ ಹೋದ ಸಾಹೇಬ್ರೂ ಇದನ್ನೇ ಹೇಳಿದ್ರು. ಹೋಗೋವಾಗ ಎಲ್ಲರಿಗೂ ಹಾಗೇ ಅನ್ಸತ್ತೆ ಬಿಡಿ" ಎಂದು ಅಣ್ಣ ನಕ್ಕ. ಬೀದಿಗೆ ಬೀದಿಯೇ ಅವನ ಜೊತೆ ನಕ್ಕಿತು. ಕ್ಷೌರದ ಅಂಗಡಿಯ ಕತ್ತರಿ ಮಾವ ಹೊಸ ಕನ್ನಡಿಯನ್ನೇ ಹಾಕಿಸಿಬಿಟ್ಟಿದ್ದಾನೆ.

ಮಾರ್ಚ್ 26, ಭಾನುವಾರ

ಇವತ್ತು ಸಾಲು ಚಿಕ್ಕದಿತ್ತು. ಮಧ್ಯಾಹ್ನ ಬಾಗಿಲಲ್ಲಿ ಸುಮ್ಮನೆ ಕೂತೆ.

ಭಾನುವಾರವೆಂದರೆ ಈ ಬೀದಿಗೆ ಬೇರೆಯದೇ ಕಳೆ ಇತ್ತು. ಗೇಟು ತೆರೆದೊಡನೆ ಇಸ್ತ್ರಿ ಮುರಿಯದ ಅಂಗಿ ತೊಟ್ಟ ಹುಡುಗರು ಗುಂಪುಗುಂಪಾಗಿ ಹೊರಬೀಳುತ್ತಿದ್ದರು. ಮೊದಲು ಕತ್ತರಿ ಮಾವನ ಹತ್ತಿರ ತಲೆ ಕೊಡುವುದು, ಆಮೇಲೆ ಕೆಟ್ಲಕ್ಕನ ಬೆಂಚು, ಆಮೇಲೆ ಫೋಟೋ ಸ್ಟುಡಿಯೋ. ಮನೆಗೆ ಕಳಿಸುವ ಫೋಟೋದಲ್ಲಿ ಎಲ್ಲರಿಗೂ ಒಂದೇ ಕ್ರಾಪು, ಒಂದೇ ನಗು. ಅವರ ತಾಯಂದಿರು ತಮ್ಮ ಮಗನನ್ನು ಹೇಗೆ ಗುರುತು ಹಿಡಿಯುತ್ತಿದ್ದರೋ! ಸಂಜೆ ಮೈದಾನದಲ್ಲಿ ಬ್ಯಾಂಡು. ಒಳಗೆ ಬಿಡದಿದ್ದರೂ ಕಾಂಪೌಂಡಿನ ಹೊರಗೆ ನಿಂತು ಕೇಳಲು ಅಡ್ಡಿಯಿರಲಿಲ್ಲ. ನಾವೆಲ್ಲ ಮನೆಯಿಂದ ಮಣೆ ತಂದುಕೊಂಡು ಕೂರುತ್ತಿದ್ದೆವು.

ಒಬ್ಬನಿದ್ದ. ಬರೆದರೆ ಏನಾಯಿತು, ಹೆಸರು ಬರೆಯದಿದ್ದರೆ ಸರಿ. ಟ್ರಂಕಿಗೆ ಹೆಸರು ಬರೆಸಲು ಬಂದವನು ಬಣ್ಣ ಆರುವವರೆಗೆ ಕೂರುತ್ತೇನೆಂದು ಕೂತ. ಬಿಸಿಲಲ್ಲಿ ಇಟ್ಟರೆ ಊಟ ಮುಗಿಸುವಷ್ಟರಲ್ಲಿ ಆರುವ ಬಣ್ಣ ಅದು. ಅವನಿದ್ದಾಗ ಸಂಜೆಯಾದರೂ ಆರುತ್ತಿರಲಿಲ್ಲ. ಮುಂದಿನ ವಾರ ಬಣ್ಣ ಎದ್ದಿದೆ ಎಂದು ಮತ್ತೆ ತಂದ, ಅದರ ಮುಂದಿನ ವಾರವೂ ತಂದ. ನಾನು ಬರೆದ ಬಣ್ಣ ಹಾಗೆಲ್ಲ ಏಳುವಂಥದ್ದಲ್ಲ. ಉಗುರಿನಿಂದ ಕೆರೆದ ಗುರುತು ಕಾಣುತ್ತಿತ್ತು, ನಾನೂ ಕಾಣದವಳ ಹಾಗೆ ಮತ್ತೆ ಬರೆಯುತ್ತಿದ್ದೆ. ಅವರ ದಂಡು ಹೋದ ದಿನ ಅತ್ತಿಗೆ ಒಂದು ಮಾತೂ ಕೇಳದೆ ನನ್ನ ತಟ್ಟೆಗೆ ಎರಡು ಸಲ ಬಡಿಸಿದರು. ಅತ್ತಿಗೆಯ ಮೇಲೆ ಎಷ್ಟು ಸಿಟ್ಟು ಬಂದರೂ ಅದೊಂದನ್ನು ನೆನೆಸಿಕೊಂಡು ತಡೆದುಕೊಳ್ಳುತ್ತೇನೆ.

ಏಪ್ರಿಲ್ 15

ಕೊನೆಯ ಲಾರಿ ಹೋಯಿತು. ಮೀಸೆ ಸಾಹೇಬರು ಎಲ್ಲರಿಗಿಂತ ಕಡೆಗೆ ಹೊರಟರು. ನಮ್ಮ ಅಂಗಡಿಯ ಮುಂದೆ ಗಾಡಿ ನಿಲ್ಲಿಸಿ ಇಳಿದು ಅಣ್ಣನ ಕೈ ಹಿಡಿದುಕೊಂಡರು. ಹಿಂದೆ ಅವರ ಟ್ರಂಕಿನ ಮೇಲೆ ನನ್ನ ಅಕ್ಷರ ಬಿಸಿಲಿಗೆ ಹೊಳೆಯುತ್ತಿತ್ತು. ತಿರುವಿನಲ್ಲಿ ಗಾಡಿ ಮರೆಯಾಗುವವರೆಗೂ ಅದನ್ನೇ ನೋಡಿದೆ.

ಗೇಟಿಗೆ ನನ್ನ ತಲೆಯಷ್ಟು ದೊಡ್ಡ ಬೀಗ. ಒಬ್ಬ ಕಾವಲುಗಾರನನ್ನೂ ಇಟ್ಟಿದ್ದಾರೆ. ಕೆಟ್ಲಕ್ಕ, "ಊರು ಕೊಳ್ಳೆ ಹೋದ್ಮೇಲೆ ಕೋಟೆ ಬಾಗಿಲು ಹಾಕಿದ್ರಂತೆ" ಅಂದಳು. ಅವಳ ಒಲೆ ಉರಿಯುತ್ತಿತ್ತು, ಬೆಂಚಿನ ಮೇಲೆ ಯಾರೂ ಇರಲಿಲ್ಲ.

ಏಪ್ರಿಲ್ 22

ಬೆಳಗ್ಗೆ ಬೂಟಿನ ಸದ್ದಿಲ್ಲ. ಎಚ್ಚರವೇ ಆಗುತ್ತಿಲ್ಲ. ಮೂವರೂ ಹೊತ್ತೇರುವವರೆಗೆ ಮಲಗಿ ಎದ್ದು, ತಪ್ಪು ಮಾಡಿದವರ ಹಾಗೆ ಒಬ್ಬರ ಮುಖ ಒಬ್ಬರು ನೋಡಿಕೊಂಡೆವು.

ಮೇ 20

ಅಣ್ಣ ಟ್ರಂಕು ಮಾಡುವುದನ್ನು ನಿಲ್ಲಿಸಿಲ್ಲ. ಅಂಗಡಿ ತುಂಬಿತು, ಪಡಸಾಲೆ ತುಂಬಿತು, ಈಗ ಅಡುಗೆಮನೆಯ ಗೋಡೆ ಕಾಣುತ್ತಿಲ್ಲ. ನಾವು ಟ್ರಂಕಿನ ಮೇಲೆ ಕೂತು ಟ್ರಂಕಿನ ಮೇಲಿಟ್ಟು ಉಣ್ಣುತ್ತೇವೆ. ಅತ್ತಿಗೆ ನಾಲ್ಕು ಟ್ರಂಕು ಜೋಡಿಸಿ ಹಾಸಿಗೆ ಹಾಸಿಕೊಂಡಿದ್ದಾರೆ. ಮಗ್ಗುಲು ಬದಲಿಸಿದರೆ ಗುಡುಗಿದಂತೆ ಸದ್ದು.

"ನಿಮ್ಮಣ್ಣನ್ನ ಕಟ್ಕೊಂಡಾಗ ಚಿನ್ನದ ಪೆಟ್ಟಿಗೇಲಿ ಇಡ್ತಾನೆ ಅಂದ್ಕೊಂಡಿದ್ದೆ. ತಗಡಿನ ಪೆಟ್ಟಿಗೇಲಾದ್ರೂ ಇಟ್ನಲ್ಲ, ಅಷ್ಟೇ ಪುಣ್ಯ" ಅಂದರು.

ಹೊಸ ದಂಡು ಇವತ್ತು ಬರುತ್ತದೆ, ನಾಳೆ ಬರುತ್ತದೆ ಎನ್ನುತ್ತಲೇ ಇದ್ದಾರೆ. ಕತ್ತರಿ ಮಾವನ ಪ್ರಕಾರ ಕ್ಯಾಂಪು ಆಸ್ಪತ್ರೆಯಾಗುತ್ತದೆ. ದಿನಸಿ ಅಂಗಡಿಯವರ ಪ್ರಕಾರ ಜೈಲಾಗುತ್ತದೆ. ಜೈಲಾದರೆ ಒಳ್ಳೆಯದು, ಗಿರಾಕಿ ಓಡಿಹೋಗುವುದಿಲ್ಲ ಎಂದು ಕೆಟ್ಲಕ್ಕನ ಅಭಿಪ್ರಾಯ.

ಜೂನ್ 14

ಯಾರೂ ಬರುವುದಿಲ್ಲ. ಇವತ್ತು ಸರ್ಕಾರದ ಜನ ಬಂದು ಗೇಟಿನ ಬೋರ್ಡು ಬಿಚ್ಚಿಕೊಂಡು ಹೋದರು. ಕಟ್ಟಡಗಳು ಹಾಗೇ ಇರುತ್ತವಂತೆ, ಜಾಗ ಏನು ಮಾಡಬೇಕೆಂದು ಮುಂದೆ ನೋಡುತ್ತಾರಂತೆ. ಅಣ್ಣ ಕೈಯಲ್ಲಿದ್ದ ಕೊಡತಿಯನ್ನು ಕೆಳಗಿಟ್ಟು, ಅರ್ಧ ಮಡಿಸಿದ ತಗಡನ್ನು ಹಾಗೇ ಬಿಟ್ಟು ಒಳಗೆ ಹೋಗಿ ಮಲಗಿದ.

ರಾತ್ರಿ ಊಟಕ್ಕೆ ಕೂತಾಗ ಹೇಳಿದ. ಸಿಟಿಯಲ್ಲಿ ಕಬ್ಬಿಣದ ಬೀರು ಮಾಡುವ ಫ್ಯಾಕ್ಟರಿಯಲ್ಲಿ ಅವನ ಹಳೆಯ ಗೆಳೆಯ ಮೇಸ್ತ್ರಿಯಾಗಿದ್ದಾನೆ. ಡಿಸೆಂಬರ್ ಒಳಗೆ ಬಂದರೆ ಅಣ್ಣನಿಗೂ ಒಂದು ಕೆಲಸ, ಇರಲು ಎರಡು ಕೋಣೆ.

"ಈ ಟ್ರಂಕುಗಳನ್ನ ಬಿಟ್ಟು ಹೇಗೆ ಹೋಗೋದು? ಇಷ್ಟೂ ಮುಗೀಲಿ. ಕೊನೇದು ಮಾರಿದ ದಿನ ಹೊರಟುಬಿಡೋಣ" ಅಂದ.

ನಾನು ಕುಣಿದಾಡುವುದೊಂದು ಬಾಕಿ. ಸಿಟಿಯಲ್ಲಿ ಮನೆಯೊಳಗೇ ನಲ್ಲಿ, ತಿರುಗಿಸಿದರೆ ನೀರು. ಬೀದಿಗೊಂದು ಬೋರ್ಡು ಬರೆಯುವ ಅಂಗಡಿ ಇರುತ್ತದೆ, ನನ್ನ ಕೈಗೆ ಕೆಲಸ ಸಿಕ್ಕೇ ಸಿಗುತ್ತದೆ. ಅತ್ತಿಗೆಯಂತೂ ಆಗಲೇ ಯಾವ ಪಾತ್ರೆ ತೆಗೆದುಕೊಂಡು ಹೋಗುವುದು, ಯಾವುದು ಬೇಡ ಎಂದು ಬೇರೆ ಮಾಡತೊಡಗಿದ್ದಾರೆ. ಈ ಹಾಳು ಸುರಿಯುವ ಬೀದಿಯಲ್ಲಿ ಇನ್ನೇನಿದೆ? ನಾವಿಬ್ಬರೂ ಮಲಗುವವರೆಗೆ ಸಿಟಿಯ ಮಾತನ್ನೇ ಆಡಿದೆವು. ಅಣ್ಣ ಗೋಡೆಯ ಕಡೆ ತಿರುಗಿ ಕೇಳಿಸಿಕೊಂಡ.

ಜುಲೈ 9

ಮಾರಾಟವಾಯಿತು! ಎಷ್ಟು ವಾರಗಳ ಮೇಲೆ! ಕತ್ತರಿ ಮಾವ ತನ್ನ ಮಗಳ ಊರಿಗೆ ಹೊರಟಿದ್ದಾನೆ. ಎರಡು ಟ್ರಂಕು ತೆಗೆದುಕೊಂಡ. ಇಷ್ಟು ದಿನ ಬ್ರಷ್ ಮುಟ್ಟದೆ ಕೈ ನಡುಗುತ್ತದೇನೋ ಎಂದುಕೊಂಡಿದ್ದೆ, ನಡುಗಲಿಲ್ಲ. ಅಕ್ಷರ ಮುತ್ತಿನಂತೆ ಬಂತು.

ಎರಡು ಕಡಿಮೆಯಾಯಿತು.

ಜುಲೈ 30

ದಿನಸಿ ಅಂಗಡಿಯವರು ಹೋದರು. ಸ್ಕೂಲಿನ ಮೇಷ್ಟ್ರು ಹೋದರು. ಕ್ಯಾಂಪಿನ ಮಕ್ಕಳೇ ಇಲ್ಲದ ಮೇಲೆ ಅವರು ಕಲಿಸುವುದು ಯಾರಿಗೆ? ಫೋಟೋ ಸ್ಟುಡಿಯೋದವನು ಬಾಗಿಲ ಪಕ್ಕದ ಕಿಟಕಿಯಲ್ಲಿ ತೂಗುಹಾಕಿದ್ದ ಫೋಟೋಗಳನ್ನು ಏನು ಮಾಡಲೆಂದು ತಿಳಿಯದೆ ಅಲ್ಲೇ ಬಿಟ್ಟು ಹೋದ. ಎಲ್ಲರೂ ನಮ್ಮ ಹತ್ತಿರವೇ ಟ್ರಂಕು ಕೊಂಡರು. ಅತ್ತಿಗೆಯ ಹಾಸಿಗೆ ನೆಲಕ್ಕಿಳಿದಿದೆ.

ಒಂದು ವಿಚಿತ್ರ. ಇಷ್ಟು ವರ್ಷ ಮುಖಪರಿಚಯವಿಲ್ಲದವರ ಹೆಸರು ಬರೆದೆ, ಒಂದೂ ನೆನಪಿಲ್ಲ. ಮೇಷ್ಟ್ರ ಹೆಸರು ಬರೆಯುವಾಗ ಮೂರು ಅಕ್ಷರಕ್ಕೊಮ್ಮೆ ಬ್ರಷ್ ಕೆಳಗಿಡಬೇಕಾಯಿತು. ನನಗೆ ಅಕ್ಷರ ತಿದ್ದಿಸಿದವರು ಅವರ ತಂದೆ. ಟರ್ಪೆಂಟೈನ್ ವಾಸನೆ ಕಣ್ಣಿಗೆ ಹೊಡೆದಿರಬೇಕು.

"ನಿಮ್ಮ ಅಂಗಡಿ ಮುಂದೆ ಯಾರಾದ್ರೂ ನಿಂತ್ರೆ ಸಾಕು, ಊರು ಬಿಟ್ರು ಅಂತಲೇ ಲೆಕ್ಕ. ನಾನಂತೂ ಆ ಕಡೆ ತಲೆ ಹಾಕಿ ಮಲಗಲ್ಲ" ಅಂದಳು ಕೆಟ್ಲಕ್ಕ.

"ನಿನ್ನ ಮಗ ಕರೀತಿದಾನಲ್ಲ, ಹೋಗ್ಬಾರ್ದಾ?" ಎಂದು ಕೇಳಿದೆ. ಅವಳ ಮಗ ದೂರದಲ್ಲೆಲ್ಲೋ ಲಾರಿ ಓಡಿಸುತ್ತಾನೆ.

"ಅವನು ತಿಂಗಳಲ್ಲಿ ಎರಡು ದಿನ ಮನೇಲಿರ್ತಾನೆ. ಉಳಿದ ದಿನ ನಾನು ಗೋಡೆಗೆ ಟೀ ಕೊಡ್ಲಾ?" ಅಂದಳು. ಆಮೇಲೆ ಕೆಟಲ್ ನೋಡುತ್ತಾ, "ಇಲ್ಲೂ ಈಗ ಗೋಡೆಗೇ ಕೊಡ್ತಿರೋದು ಅನ್ನು" ಅಂದಳು.

ಆಗಸ್ಟ್ 17

ಇಲಿ. ಕ್ಯಾಂಪಿನ ಅಡುಗೆಮನೆಯಲ್ಲಿ, ಉಗ್ರಾಣದಲ್ಲಿ ತಲೆಮಾರುಗಳಿಂದ ಉಂಡು ಬೆಳೆದವು ಈಗ ರಸ್ತೆ ದಾಟಿ ಬಂದಿವೆ. ಪಾಪ, ಅವಕ್ಕೊಂದೇ ವರ್ಗಾವಣೆ ಆರ್ಡರ್ ಕೊಡಲು ಮರೆತರು. ಹಾಡುಹಗಲಲ್ಲಿ ಸಾಲಾಗಿ ಬರುತ್ತವೆ, ನಡಿಗೆಯಲ್ಲಿ ಮಿಲಿಟ್ರಿ ಶಿಸ್ತು. ಅತ್ತಿಗೆ ಪೊರಕೆ ಹಿಡಿದು ಕಾವಲು ನಿಂತಿದ್ದಾರೆ. ಅಕ್ಕಿ ಚೀಲಕ್ಕೆ ತೂತು, ನನ್ನ ಚಪ್ಪಲಿಗೆ ತೂತು.

"ಮಿಲಿಟ್ರಿಯವರು ಇದ್ದಾಗ್ಲೂ ತಿಂದ್ರು, ಹೋದ್ಮೇಲೂ ತಿಂತಿದಾರೆ" ಎಂದು ಬೈದು, ಆಮೇಲೆ ತಾವೇ, "ಇದ್ದಾಗ ದುಡ್ಡು ಕೊಟ್ಟು ತಿಂತಿದ್ರು, ಸುಳ್ಳು ಹೇಳ್ಬಾರ್ದು" ಅಂದರು.

ಸೆಪ್ಟೆಂಬರ್ 12

ಇವತ್ತು ಪಕ್ಕದ ಬೀದಿಯ ದರ್ಜಿ ಬಂದು ಒಂದು ದೊಡ್ಡ ಟ್ರಂಕು ಆರಿಸಿದ. ಅದರ ಹಿಂದಿನ ಕೀಲು ಸ್ವಲ್ಪ ಬಿಗಿ, ನಾಳೆ ಸಡಿಲವಾಗಬಹುದೆಂದು ಹೇಳಿಬಿಟ್ಟೆ. ಇರುವುದನ್ನು ಹೇಳಬೇಕಲ್ಲ, ಅಪ್ಪ ನಡೆಸಿಕೊಂಡು ಬಂದ ಅಂಗಡಿ. ಅವನು ಯೋಚಿಸಿ ಬರುತ್ತೇನೆಂದು ಹೋದ. ಬಂದರೆ ಕೊಡೋಣ.

ಚಳಿಗಾಲದ ಹೊದಿಕೆಗಳನ್ನು ಇಡಲು ಜಾಗವಿರಲಿಲ್ಲ, ಮೂರು ಟ್ರಂಕಿಗೆ ತುಂಬಿದೆ. ಅತ್ತಿಗೆ ಇನ್ನೂ ಮೂರಕ್ಕೆ ಒಡೆದ ಪಾತ್ರೆ, ಹರಿದ ಛತ್ರಿ, ಕಾಲಿಲ್ಲದ ಸ್ಟೂಲು ಎಲ್ಲ ಹಾಕಿ ಬೀಗ ಜಡಿದಿದ್ದಾರೆ. ಸಿಟಿಗೆ ಹೋಗುವವರು ಒಡೆದ ಪಾತ್ರೆ ಏಕೆ ಜೋಪಾನ ಮಾಡುತ್ತಾರೋ! ಜೂನ್‌ನಲ್ಲಿ ಬೇಡವೆಂದು ಬೇರೆ ಮಾಡಿದ್ದನ್ನೇ ಒಳಗಿಟ್ಟಿದ್ದಾರೆ. ವಯಸ್ಸಾಯಿತು, ಮರೆವು ಶುರುವಾಗಿರಬೇಕು.

ಅಣ್ಣನದು ಇನ್ನೊಂದು ಕಥೆ. ಬೆಳಗ್ಗೆ ಎದ್ದರೆ ಹಿತ್ತಲಲ್ಲಿ ಟಣ್ ಟಣ್. ಉಳಿದ ತಗಡು ತುಕ್ಕು ಹಿಡಿಯುತ್ತದೆ, ಅದಕ್ಕೇ ಒಂದೆರಡು ಮಾಡುತ್ತಿದ್ದೇನೆ ಅನ್ನುತ್ತಾನೆ. ಮುಗಿಸಬೇಕೆಂದವನೇ ಮಾಡುತ್ತಾ ಕೂತರೆ ಮುಗಿಯುವುದು ಯಾವಾಗ? ಕೇಳೋಣವೆಂದುಕೊಂಡೆ. ಆ ಸದ್ದು ಕೇಳಿ ಬಹಳ ದಿನವಾಗಿತ್ತು, ಸುಮ್ಮನೆ ಟೀ ತೆಗೆದುಕೊಂಡು ಹೋಗಿ ಅವನ ಪಕ್ಕ ಕೂತೆ.

ಸೆಪ್ಟೆಂಬರ್ 29

ಸಂಜೆ ಒಬ್ಬಳೇ ಕಾಂಪೌಂಡಿನವರೆಗೆ ನಡೆದು ಹೋದೆ. ಮೈದಾನದಲ್ಲಿ ಮೊಣಕಾಲುದ್ದ ಹುಲ್ಲು. ಮುಂಚೆ ಒಂದು ಕಡ್ಡಿ ಎದ್ದು ನಿಂತರೂ ಯಾರೋ ಬೈಸಿಕೊಳ್ಳುತ್ತಿದ್ದರು. ಮಣೆ ಹಾಕಿಕೊಂಡು ಕೂರುತ್ತಿದ್ದ ಜಾಗದಲ್ಲಿ ನಿಂತೆ. ಕಾವಲುಗಾರ, "ಏನಮ್ಮ, ಏನಾದ್ರೂ ಕಳೆದ್ಕೊಂಡ್ರಾ?" ಎಂದು ಕೇಳಿದ. ಇಲ್ಲಪ್ಪ ಎಂದು ಬಂದುಬಿಟ್ಟೆ.

ಅಕ್ಟೋಬರ್ 5

ಕೆಟ್ಲಕ್ಕ ಅಂಗಡಿಗೆ ಬಂದು, ಟೀ ಕೊಡದೆ, ಬಾಗಿಲಲ್ಲೇ ನಿಂತು, "ಒಂದು ಟ್ರಂಕು ಬೇಕಿತ್ತು" ಅಂದಳು.

ನಾನು, "ಇಲ್ಲ" ಅಂದೆ.

ನಾನು ಆಗ ಒಂದು ಟ್ರಂಕಿನ ಮೇಲೆ ಕೂತಿದ್ದೆ. ಹಿಂದೆ ಸೂರಿನವರೆಗೆ ಟ್ರಂಕುಗಳಿದ್ದವು. ಅವಳು ಅವನ್ನು ನೋಡಿದಳು, ನನ್ನನ್ನು ನೋಡಿದಳು, ತಿರುಗಿ ಹೋದಳು.

ಏಕೆ ಹಾಗೆ ಅಂದೆನೋ. ತಲೆನೋವಿತ್ತು.

ಅಕ್ಟೋಬರ್ 6

ಮತ್ತೆ ಬಂದಳು. ಮತ್ತೆ ಇಲ್ಲವೆಂದೆ. "ಅವೆಲ್ಲ ಏನು?" ಎಂದು ಬೆರಳು ತೋರಿಸಿದಳು. "ಅವೆಲ್ಲ ಬೇರೆಯವರು ಹೇಳಿಟ್ಟಿರೋವು" ಅಂದೆ.

"ಯಾರು ಹೇಳಿಟ್ಟಿರೋದು? ಈ ಊರಲ್ಲಿ ಇರೋರೇ ಇಷ್ಟು ಜನ. ಇಲಿಗಳೇನಾದ್ರೂ ಹೇಳಿಟ್ಟಿವ್ಯಾ?"

ಒಳಗಿನಿಂದ ಅತ್ತಿಗೆ ಕೂಗಿದರು: "ಇಲ್ಲ ಅಂತ ಹೇಳ್ತಿದಾಳಲ್ಲ, ಕಿವಿ ಕೇಳ್ಸಲ್ವಾ ನಿನಗೆ?"

ಅತ್ತಿಗೆ ಬಂದ ಗಿರಾಕಿಯನ್ನು ಬರಿಗೈಯಲ್ಲಿ ಕಳಿಸಿದ್ದನ್ನು ನಾನು ಈ ಮನೆಯಲ್ಲಿ ಮೊದಲ ಸಲ ಕಂಡೆ.

ಅಕ್ಟೋಬರ್ 8

ಇವತ್ತು ಜೋರು ಜಗಳವಾಯಿತು. ಅಣ್ಣ ಅಂಗಡಿಯಲ್ಲಿದ್ದ. ಅವನಾದರೂ ಕೊಟ್ಟಾನು ಎಂದು ಬಂದವಳಿಗೆ ಅವನೂ, "ಇನ್ನೊಂದು ಸಲ ಬಣ್ಣ ಹಾಕ್ಬೇಕಕ್ಕ, ಮುಂದಿನ ವಾರ ನೋಡೋಣ" ಅಂದ. ಕೆಟ್ಲಕ್ಕ ಕೆಂಡವಾದಳು. ಕಾಸು ಮುಂಗಡ ಕೊಡುತ್ತೇನೆ, ಬಿಟ್ಟಿ ಕೇಳುತ್ತಿಲ್ಲ, ಊರಿಗೆಲ್ಲ ಕೊಟ್ಟು ನನಗೊಬ್ಬಳಿಗೆ ಇಲ್ಲವೇ ಎಂದಳು. ನನಗೂ ರೇಗಿತು.

"ಹೋಗೋಳು ಬಟ್ಟೆ ಗಂಟು ಕಟ್ಕೊಂಡು ಹೋಗು! ನಿನ್ನ ಹೆಸರನ್ನ ನನ್ನ ಕೈಯಲ್ಲಿ ಬರೆಸ್ಬೇಕು ಅಂತಿದೀಯಲ್ಲ, ಅದು ಮಾತ್ರ ಆಗಲ್ಲ. ಎಲ್ಲರದ್ದೂ ಬರೆದೆ. ನಿನ್ನದು ಬರೆಯಲ್ಲ ಅಂದ್ರೆ ಬರೆಯಲ್ಲ!"

ಬೀದಿಗೆಲ್ಲ ಕೇಳುವ ಹಾಗೆ ಕಿರುಚಿದೆ. ಬೀದಿಯಲ್ಲಿ ಯಾರೂ ಇರಲಿಲ್ಲ, ಅದು ಬೇರೆ ಮಾತು. ಕೆಟ್ಲಕ್ಕ ಬಾಯಿ ತೆರೆದುಕೊಂಡು ನನ್ನನ್ನೇ ನೋಡಿದಳು. ನಾನು ಒಳಗೆ ಹೋಗಿ ಬಾಗಿಲು ಹಾಕಿಕೊಂಡು ಅತ್ತೆ. ಸುಳ್ಳೇಕೆ, ಚೆನ್ನಾಗಿ ಅತ್ತೆ. ಅವಳೂ ಹೋದರೆ ಬೆಳಗ್ಗೆ ಎದ್ದು ಯಾರ ಮುಖ ನೋಡಲಿ?

ಅಕ್ಟೋಬರ್ 9

ಬೆಳಗ್ಗೆ ಬಾಗಿಲು ತೆಗೆದರೆ ಕೆಟ್ಲಕ್ಕ ಮೆಟ್ಟಿಲ ಮೇಲೆ ಕೂತಿದ್ದಾಳೆ. ಪಕ್ಕದಲ್ಲಿ ಒಂದು ಚೀಲ, ಅದರ ಮೂಲೆಯಲ್ಲಿ ತೂತು, ತೂತಿನಿಂದ ಸಕ್ಕರೆ ಸುರಿಯುತ್ತಿತ್ತು.

"ನೋಡು" ಅಂದಳು. "ಇದು ಮೂರನೇ ಚೀಲ. ಡಬ್ಬಿಗೆ ಹಾಕಿದ್ರೆ ಮುಚ್ಚಳ ಉರುಳಿಸ್ತಾವೆ, ಮೇಲೆ ಕಟ್ಟಿದ್ರೆ ಹಗ್ಗ ಕಡೀತಾವೆ. ತಗಡಿನ ಪೆಟ್ಟಿಗೆ ಆದ್ರೆ ಹಲ್ಲು ಮುರೀಲಿ ಅಂತ ಬಂದೆ. ನಾನು ಊರು ಬಿಡ್ತೀನಿ ಅಂತ ನಿನಗ್ಯಾರೇ ಹೇಳಿದ್ದು, ಗೂಬೆ?"

ಅಪ್ಪನ ಕಾಲದಿಂದ ಈ ಅಂಗಡಿಯಲ್ಲಿ ಟ್ರಂಕು ಕೊಂಡವರೆಲ್ಲ ಹೋಗಲೆಂದೇ ಕೊಂಡವರು. ಇರುವವರಿಗೂ ಟ್ರಂಕು ಬೇಕಾಗಬಹುದೆಂದು ನಮಗೆ ಮೂವರಿಗೂ ಹೊಳೆದಿರಲಿಲ್ಲ. ಮನೆ ತುಂಬ ಟ್ರಂಕು ಇಟ್ಟುಕೊಂಡು ಅತ್ತಿಗೆ ಅಕ್ಕಿಗೆ ಪೊರಕೆ ಕಾವಲು ಕಾಯುತ್ತಿದ್ದರು!

ಮೊದಲು ನಗಲು ಶುರುಮಾಡಿದವರು ಅತ್ತಿಗೆ. ಆಮೇಲೆ ಅಣ್ಣ. ಕೆಟ್ಲಕ್ಕ ಮೆಟ್ಟಿಲು ಬಡಿದು ನಕ್ಕಳು. ಅಣ್ಣ ಬೀದಿಗೆ ಬಂದು ಹೀಗೆ ಬಾಯಿ ತುಂಬ ನಕ್ಕಿದ್ದು ಲಾರಿ ತಗಡು ತರಿಸಿದ ದಿನ, ಆಮೇಲೆ ಇವತ್ತೇ.

ಒಳ್ಳೆಯ ಟ್ರಂಕೊಂದನ್ನು ಆರಿಸಿ ಬ್ರಷ್ ಅದ್ದಿದೆ. "ಸಕ್ಕರೆ ಅಂತ ಬರಿ. ಇಲಿಗೂ ಓದೋಕೆ ಬರ್ಲಿ" ಅಂದಳು. ಬರೆದೆ. ಕೈಯ ಅಭ್ಯಾಸ, "ಎಲ್ಲಿಗೆ?" ಎಂದು ಕೇಳಿಬಿಟ್ಟೆ.

"ಎಲ್ಲಿಗೂ ಇಲ್ಲ. ಇದೇ ಬೀದಿ, ಎದುರು ಮನೆ" ಅಂದಳು.

ನವೆಂಬರ್ 18

ಬರೆಯಲು ಪುರುಸೊತ್ತಿಲ್ಲ. ಕೆಟ್ಲಕ್ಕನ ಟ್ರಂಕು ನೋಡಿದವರೆಲ್ಲ ಬಂದರು. ಉಳಿದಿರುವ ಮನೆಗಳು ಕಡಿಮೆ, ಆದರೆ ಒಂದೊಂದು ಮನೆಗೂ ಮೂರು ನಾಲ್ಕು ಬೇಕು. ಕಾವಲುಗಾರನೂ ತನ್ನ ರೊಟ್ಟಿ ಇಡಲು ಒಂದು ಚಿಕ್ಕದು ಕೊಂಡ. ಆಚೆ ಹಳ್ಳಿಗಳವರೆಗೂ ಇಲಿ ಹೋಗಿದೆಯಂತೆ, ಅಲ್ಲಿಂದ ಗಾಡಿ ತಂದು ಒಯ್ಯುತ್ತಿದ್ದಾರೆ. ಅಕ್ಕಿ, ಹಿಟ್ಟು, ಬೇಳೆ, ಬೀಜ ಎಂದು ಬರೆಯುತ್ತಿದ್ದೇನೆ. ಒಬ್ಬಾಕೆ ಬೇರೇನೂ ತೋಚದೆ "ನಮ್ಮದು" ಎಂದು ಬರೆಸಿಕೊಂಡಳು.

ಮುಂಚಿನ ವ್ಯಾಪಾರಕ್ಕೆ ಇದು ಎಳ್ಳಷ್ಟೂ ಸಮವಲ್ಲ. ಇಲಿ ಇರುವವರೆಗೆ ಇದು, ಆಮೇಲೆ ಏನೋ. ಸಂಜೆ ಬೀದಿಯಲ್ಲಿ ದೀಪ ಹತ್ತುವ ಬಾಗಿಲುಗಳನ್ನು ಬೆರಳಲ್ಲಿ ಎಣಿಸಬಹುದು. ಕತ್ತರಿ ಮಾವನ ಹೊಸ ಕನ್ನಡಿ ಧೂಳು ಹಿಡಿದಿದೆ. ಹಾದುಹೋಗುವಾಗಲೆಲ್ಲ ಸೆರಗಿನಿಂದ ಒಂದಿಷ್ಟು ಒರೆಸುತ್ತೇನೆ.

ಹೊದಿಕೆಯ ಟ್ರಂಕುಗಳೂ ಹೋದವು. ಅತ್ತಿಗೆ ಒಡೆದ ಪಾತ್ರೆಗಳನ್ನು ಮತ್ತೆ ಹೊರಗೆ ಸುರಿದರು. ಹಿತ್ತಲಲ್ಲಿ ತಗಡು ಖಾಲಿ, ಟಣ್ ಟಣ್ ನಿಂತಿದೆ. ಮನೆಯಲ್ಲಿ ಗೋಡೆಗಳು ಕಾಣುತ್ತಿವೆ. ನನಗೆ ರಾತ್ರಿ ನಿದ್ದೆ ಬರುತ್ತಿಲ್ಲ, ಏಕೋ ಗೊತ್ತಿಲ್ಲ.

ಡಿಸೆಂಬರ್ 1

ಕೊನೆಯದು ಹೋಯಿತು. ಅಂಚೆ ಕಚೇರಿಯವರು ಬಂದು, ಕಾಗದಗಳನ್ನೆಲ್ಲ ಇಲಿ ಕಡಿಯುತ್ತಿವೆ, ನೀವು ಊಟಕ್ಕೆ ಇಟ್ಟುಕೊಳ್ಳುತ್ತಿದ್ದ ಟ್ರಂಕನ್ನೇ ಕೊಡಿ ಸಾಕು ಎಂದು ಒರೆಸಿಕೊಂಡು ಹೊತ್ತುಕೊಂಡು ಹೋದರು. ನಮ್ಮ ಮೂವರಲ್ಲಿ ಯಾರಿಗೂ ಇಲ್ಲವೆನ್ನಲು ನೆಪ ಸಿಗಲಿಲ್ಲ.

ಮಧ್ಯಾಹ್ನ ಮೂವರೂ ಬರಿ ನೆಲದಲ್ಲಿ ಉಣ್ಣಲು ಕೂತೆವು. ಅಂಗಡಿಯಲ್ಲಿ ಮಾತಾಡಿದರೆ ಪ್ರತಿಧ್ವನಿ ಬರುತ್ತಿತ್ತು. ಅತ್ತಿಗೆ ಬಡಿಸಿ ಮುಗಿಸಿ, ತಟ್ಟೆ ನೋಡಿಕೊಂಡು, "ಮುಗೀತಲ್ಲ" ಅಂದರು.

"ಹೂಂ" ಅಂದ ಅಣ್ಣ.

ನಾನು ನೀರಿನ ಲೋಟ ಕೆಳಗಿಟ್ಟೆ. "ಅಣ್ಣ, ನಾನು ಬರಲ್ಲ" ಅಂದೆ. "ನೀವಿಬ್ರೂ ಹೋಗಿ. ನಾನಿಲ್ಲೇ ಇರ್ತೀನಿ. ಎದುರಿಗೆ ಅವಳಿದಾಳೆ, ಹೇಗೋ ಆಗತ್ತೆ. ನನಗೆ ಈ ಬೀದಿ ಬಿಟ್ಟು ಹೋಗೋಕೆ ಆಗಲ್ಲ." ಇಷ್ಟು ಹೇಳುವಷ್ಟರಲ್ಲಿ ತಟ್ಟೆ ಮಂಜಾಗಿ ಕಾಣುತ್ತಿತ್ತು. ಇದು ನನ್ನೊಳಗೆ ಯಾವಾಗ ಬಂದು ಕೂತಿತೋ ನನಗೇ ತಿಳಿಯದು.

ಅತ್ತಿಗೆ ಸೌಟನ್ನು ಪಾತ್ರೆಗೆ ಕುಕ್ಕಿದರು. "ಇವಳು ಬರಲ್ಲ ಅಂದ್ರೆ ನಾನು ಅಲ್ಲಿ ಯಾರ ಜೊತೆ ಜಗಳ ಆಡ್ಲಿ? ನಾನೂ ಬರಲ್ಲ. ಎರಡು ಕೋಣೆಯಂತೆ ಎರಡು ಕೋಣೆ! ನೀವೊಬ್ರೇ ಹೋಗಿ ಬೀರು ಮಾಡ್ಕೊಂಡು ಅದರೊಳಗೇ ಮಲಕ್ಕೊಳ್ಳಿ."

ಅಣ್ಣ ಒಮ್ಮೆ ಅವರನ್ನು, ಒಮ್ಮೆ ನನ್ನನ್ನು ನೋಡಿದ. ಕೈಯಲ್ಲಿದ್ದ ತುತ್ತನ್ನು ತಟ್ಟೆಗೆ ಇಳಿಸಿದ.

"ಫ್ಯಾಕ್ಟರಿಯವರಿಗೆ ನಾನು ಬರಲ್ಲ ಅಂತ ಆಗಸ್ಟಲ್ಲೇ ಹೇಳಿ ಕಳ್ಸಿದೀನಿ" ಅಂದ.

ಮತ್ತೆ ತಟ್ಟೆಯ ಅನ್ನವನ್ನು ಕಲಸುತ್ತಾ ಮುಂದುವರಿಸಿದ.

"ನೀವಿಬ್ರೂ ನಲ್ಲಿ, ನೀರು, ಸಿಟಿ ಅಂತ ಅಷ್ಟು ಆಸೆ ಪಟ್ಕೊಂಡಿದ್ರಿ. ಹೇಗೆ ಹೇಳೋದು ಅಂತ ಗೊತ್ತಾಗ್ಲಿಲ್ಲ. ಟ್ರಂಕು ಮುಗೀದೇ ಇದ್ರೆ ಹೇಳೋ ಪ್ರಸಂಗವೇ ಬರಲ್ಲ ಅಂತ ಮಾಡ್ತಾ ಹೋದೆ."

ಅತ್ತಿಗೆ ಕಣ್ಣು ಒರೆಸಿಕೊಂಡು, ಹೊಗೆ ಎಂದರು. ಒಲೆ ಆರಿ ಎಷ್ಟೋ ಹೊತ್ತಾಗಿತ್ತು. ಅಣ್ಣನ ತಟ್ಟೆಗೆ ಇನ್ನೊಂದು ಸೌಟು ಹಾಕಿ, ನನಗೂ ಹಾಕಿದರು.

ನಾಳೆ ಬೆಳಗಿನ ಬಸ್ಸಿಗೆ ಅಣ್ಣ ತಗಡು ತರಲು ಹೋಗುತ್ತಾನೆ. ಈ ಸಲ ಲಾರಿ ಬೇಡ, ಬಸ್ಸಿನ ಮೇಲೆ ಹೇರಿಕೊಂಡು ಬರುವಷ್ಟು ಸಾಕಂತೆ. ಬಿಳಿ ಬಣ್ಣದ ಡಬ್ಬಿ ತಳ ಕಂಡಿದೆ, ಅದನ್ನೂ ತರಲು ಹೇಳಬೇಕು.